ಓಡಬೇಡಿ, ಕಿವಿಗೊಡಿ

ಕತ್ತಲ ಕೋಣೆಯೊಂದರಲ್ಲಿ ನಿಮಗೆ ಎಚ್ಚರವಾಗುತ್ತದೆ. ಮುಂಬಾಗಿಲಿಗೆ ಹಲವು ಬೀಗ. ಮನೆಯೊಳಗೆ ಮುದುಕಿಯೊಬ್ಬಳು ದೊಣ್ಣೆ ಹಿಡಿದು ಓಡಾಡುತ್ತಿದ್ದಾಳೆ. ಅವಳ ಕಿವಿ ಬಲು ಚುರುಕು. ನಿಮ್ಮ ಕೈಯಲ್ಲಿದ್ದ ಸಾಮಾನು ಜಾರಿ ನೆಲಕ್ಕೆ ಬಿದ್ದರೆ ಸಾಕು, ಮನೆಯ ಯಾವ ಮೂಲೆಯಲ್ಲಿದ್ದರೂ ಅಲ್ಲಿಗೇ ಬರುತ್ತಾಳೆ. ಸಿಕ್ಕಿಬಿದ್ದರೆ ಒಂದು ಏಟು. ಮತ್ತೆ ಕಣ್ಣು ಬಿಟ್ಟಾಗ ಮರುದಿನ. ಇಂಥ ಐದು ದಿನಗಳ ಗಡುವಿನೊಳಗೆ ಕೀಲಿ, ಸುತ್ತಿಗೆ, ಕಟಿಂಗ್ ಪ್ಲೇಯರ್ ಎಲ್ಲವನ್ನೂ ಹುಡುಕಿ, ಬೀಗಗಳನ್ನು ಒಂದೊಂದಾಗಿ ಬಿಡಿಸಿ ಹೊರಗೆ ಬೀಳಬೇಕು.

ಇದು ‘ಗ್ರ್ಯಾನಿ’. ಡಿವಿಲೋಪರ್ ಎಂಬ ಹೆಸರಿನಲ್ಲಿ 2017ರಲ್ಲಿ ಸ್ವೀಡನ್ನಿನಿಂದ ಬಂದ ಮೊಬೈಲ್ ಆಟ. ಬನಶಂಕರಿ, ಜೆ.ಪಿ. ನಗರದ ಮನೆಗಳಲ್ಲಿ ನಾನು ಕಂಡ ಮಕ್ಕಳಲ್ಲಿ ಹೆಚ್ಚಿನವರಿಗೆ ಮೊದಲ ಹಾರರ್ ಗೇಮ್ ಅಂದರೆ ಇದೇ. ಇದಕ್ಕೆ ಪ್ಲೇಸ್ಟೇಷನ್ ಬೇಡ, ದುಬಾರಿ ಕಂಪ್ಯೂಟರ್ ಬೇಡ, ಅಮ್ಮನ ಫೋನ್ ಸಾಕು. ಮಗು ಸೋಫಾದ ಮೂಲೆಯಲ್ಲಿ ಮೊಣಕಾಲು ಮಡಚಿ, ಉಸಿರು ಬಿಗಿಹಿಡಿದು ಕೂತಿರುತ್ತದೆ. ನೋಡುವ ಅಪ್ಪ ಅಮ್ಮನಿಗೆ ಅದು ಸುಮ್ಮನೆ ಕೂತಿರುವಂತೆ ಕಾಣುತ್ತದೆ. ಆದರೆ ಅದು ಆ ಹೊತ್ತಿನಲ್ಲಿ ಬಹಳ ಕೆಲಸ ಮಾಡುತ್ತಿರುತ್ತದೆ: ಮುದುಕಿಯ ಹೆಜ್ಜೆ ಮೇಲಿನಿಂದ ಬರುತ್ತಿದೆಯೋ ಕೆಳಗಿನಿಂದಲೋ, ಮಂಚದ ಕೆಳಗೆ ನುಸುಳಲು ಸಮಯವಿದೆಯೋ ಇಲ್ಲವೋ, ನಿನ್ನೆ ಕೀಲಿ ಎಲ್ಲಿ ಸಿಕ್ಕಿತ್ತು, ಇವತ್ತು ಎಲ್ಲಿರಬಹುದು. ಆ ಕೆಲಸ ಏನು, ಅದರಲ್ಲಿ ಬದುಕಿ ಉಳಿಯುವುದು ಹೇಗೆ ಎಂದು ವಿವರಿಸುವುದಕ್ಕೆ ಈ ವಾರದ ಅಂಕಣ.

ಇವನ್ನು ಸ್ಟೆಲ್ತ್ ಹಾರರ್ ಆಟಗಳು ಎನ್ನುತ್ತಾರೆ. ಸಾಮಾನ್ಯ ಶೂಟಿಂಗ್ ಆಟದಲ್ಲಿ ಭಯ ಬಂದರೆ ಗುಂಡು ಹಾರಿಸಬಹುದು. ಇಲ್ಲಿ ಆಯುಧ ಇರುವುದಿಲ್ಲ, ಇದ್ದರೂ ನೆಚ್ಚುವಂತಿಲ್ಲ. ಕಾಲಿಗೆ ಬುದ್ಧಿ ಹೇಳೋಣವೆಂದರೆ ಓಟದ ಸದ್ದೇ ನಿಮ್ಮನ್ನು ಹಿಡಿದುಕೊಡುತ್ತದೆ. ಉಳಿಯುವುದು ಎರಡೇ: ಅಡಗುವುದು, ಕೇಳಿಸಿಕೊಳ್ಳುವುದು. ಇದರ ಬೇರುಗಳು ಹಳೆಯವು. 1995ರಲ್ಲಿ ಜಪಾನಿನಲ್ಲಿ ಬಂದ ‘ಕ್ಲಾಕ್ ಟವರ್’ ಆಟದಲ್ಲಿ ದೊಡ್ಡ ಕತ್ತರಿ ಹಿಡಿದವನೊಬ್ಬ ಹುಡುಗಿಯ ಬೆನ್ನು ಹತ್ತುತ್ತಿದ್ದ, ಆಕೆ ಅಡಗಿಯೇ ಪಾರಾಗಬೇಕಿತ್ತು. 1998ರ ‘ಥೀಫ್’ ಸದ್ದನ್ನೇ ಆಟದ ಜೀವಾಳ ಮಾಡಿತು. ಅದರಲ್ಲಿ ಕಲ್ಲುಹಾಸಿನ ಮೇಲೆ ನಡೆದರೆ ಒಂದು ಸದ್ದು, ಕಬ್ಬಿಣದ ಮೇಲೆ ಇನ್ನೊಂದು, ಜಮಖಾನೆಯ ಮೇಲೆ ಸದ್ದೇ ಇಲ್ಲವೆಂಬಷ್ಟು ಕಡಿಮೆ. 2010ರಲ್ಲಿ ಸ್ವೀಡನ್ನಿನ ಫ್ರಿಕ್ಷನಲ್ ಗೇಮ್ಸ್ ಸಂಸ್ಥೆ ‘ಅಮ್ನೀಷಿಯಾ’ ತಂದಿತು. ಇಂದಿನ ಮಾದರಿಯನ್ನು ಗಟ್ಟಿ ಮಾಡಿದ್ದು ಅದೇ.

‘ಅಮ್ನೀಷಿಯಾ’ದ ಕಥೆ ನಡೆಯುವುದು 1839ರಲ್ಲಿ, ಪ್ರಷ್ಯಾದ ಕೋಟೆಯೊಂದರಲ್ಲಿ. ನಾಯಕ ಡೇನಿಯಲ್ ತನ್ನ ನೆನಪನ್ನೇ ಕಳೆದುಕೊಂಡಿದ್ದಾನೆ. ಕತ್ತಲಲ್ಲಿ ನಿಂತರೆ ಕೋಟೆಯೊಳಗೆ ಅಲೆಯುವ ಪಿಶಾಚಿಗೆ ಅವನು ಕಾಣುವುದಿಲ್ಲ, ಆದರೆ ಕತ್ತಲಲ್ಲಿ ನಿಂತಷ್ಟೂ ಅವನ ಬುದ್ಧಿಯ ಸ್ತಿಮಿತ ಕುಸಿಯುತ್ತದೆ: ಕಣ್ಣು ಮಂಜಾಗುತ್ತದೆ, ಹಲ್ಲು ಕಡಿಯುವ ಸದ್ದು ಕೇಳುತ್ತದೆ. ಬೆಳಕಿಗೆ ಬಂದರೆ ಮನಸ್ಸು ಸುಧಾರಿಸುತ್ತದೆ, ಆದರೆ ಪಿಶಾಚಿಯ ಕಣ್ಣಿಗೆ ಬೀಳುತ್ತಾನೆ. ಅದನ್ನು ನೇರವಾಗಿ ದಿಟ್ಟಿಸಿದರೂ ಸ್ತಿಮಿತ ಹೋಗುತ್ತದೆ. ಹಾಗಾಗಿ ಅನುಭವಸ್ಥರು ಮೂಲೆಯಲ್ಲಿ ಗೋಡೆಗೆ ಮುಖ ಮಾಡಿ ಕುಕ್ಕರುಗಾಲಲ್ಲಿ ಕೂರುತ್ತಾರೆ. ಅಪಾಯಕ್ಕೆ ಬೆನ್ನು ಕೊಟ್ಟು, ಬರೀ ಕಿವಿಯಿಂದ ಅದು ದೂರ ಹೋಗಿದ್ದನ್ನು ತಿಳಿಯುವುದು. ಮೈಯ ಸಹಜ ಬುದ್ಧಿಗೆ ಇದಕ್ಕಿಂತ ವಿರುದ್ಧವಾದದ್ದು ಇನ್ನೊಂದಿಲ್ಲ. ಈ ಆಟ ಕಷ್ಟವಾಗುವುದೂ ಇಲ್ಲಿಯೇ.

ಆದರೆ ನನ್ನನ್ನು ಅತಿ ಹೆಚ್ಚು ಕಾಡಿದ್ದು 2014ರ ‘ಏಲಿಯನ್: ಐಸೊಲೇಷನ್’. ಇಂಗ್ಲೆಂಡಿನ ಕ್ರಿಯೇಟಿವ್ ಅಸೆಂಬ್ಲಿ ತಯಾರಿಸಿದ್ದು. ರಿಡ್ಲಿ ಸ್ಕಾಟ್‌ನ 1979ರ ‘ಏಲಿಯನ್’ ಚಿತ್ರದ ಘಟನೆಗಳಾಗಿ 15 ವರ್ಷದ ನಂತರ, ಅದರ ನಾಯಕಿಯ ಮಗಳು ಅಮಾಂಡಾ ರಿಪ್ಲಿ ಸೆವಾಸ್ಟೊಪೋಲ್ ಎಂಬ ಬಾಹ್ಯಾಕಾಶ ನಿಲ್ದಾಣದಲ್ಲಿ ಸಿಕ್ಕಿಹಾಕಿಕೊಳ್ಳುತ್ತಾಳೆ. ಆ ನಿಲ್ದಾಣದಲ್ಲಿ ಒಂದು ಪ್ರಾಣಿ ಇದೆ. ಅದನ್ನು ಕೊಲ್ಲಲು ಆಗುವುದಿಲ್ಲ. ಬೆಂಕಿ ಉಗುಳುವ ಕೊಳವೆಯಿಂದ ಸ್ವಲ್ಪ ಹೊತ್ತು ಬೆದರಿಸಿ ಅಟ್ಟಬಹುದು, ಅಷ್ಟೆ.

ಈ ಪ್ರಾಣಿಯ ತಲೆಯೊಳಗೆ ಏನಿದೆ ಎಂದು ತಿಳಿದಾಗಿನಿಂದ ನನಗೆ ಇಡೀ ಪ್ರಕಾರವೇ ಅರ್ಥವಾಯಿತು ಎನ್ನಬೇಕು. ತಯಾರಕರು ಅದನ್ನು ಎರಡು ಮಿದುಳುಗಳಾಗಿ ಕಟ್ಟಿದ್ದಾರೆ. ಒಂದು, ತೆರೆಯ ಮೇಲೆ ಕಾಣದ ನಿರ್ದೇಶಕ. ಆಟಗಾರ ಎಲ್ಲಿದ್ದಾನೆ ಎಂಬುದು ಈ ನಿರ್ದೇಶಕನಿಗೆ ಸದಾ ಗೊತ್ತು. ಇನ್ನೊಂದು, ಪ್ರಾಣಿಯ ಸ್ವಂತ ಮಿದುಳು. ಅದಕ್ಕೆ ಗೊತ್ತಿರುವುದು ತನ್ನ ಕಣ್ಣಿಗೆ ಬಿದ್ದದ್ದು, ಕಿವಿಗೆ ಬಿದ್ದದ್ದು ಮಾತ್ರ. ನಿರ್ದೇಶಕ ಪ್ರಾಣಿಗೆ ನಿಖರ ಜಾಗ ಹೇಳುವುದಿಲ್ಲ. ‘ಆ ಕಡೆ ಒಮ್ಮೆ ನೋಡು’ ಎಂಬಂತೆ ಅಂದಾಜು ದಿಕ್ಕನ್ನಷ್ಟೇ ಕೊಡುತ್ತಾನೆ. ಉಳಿದದ್ದನ್ನು ಪ್ರಾಣಿ ತಾನೇ ಹುಡುಕಬೇಕು. ಆದ್ದರಿಂದ ಅದು ನಿಮ್ಮ ಸುತ್ತಮುತ್ತಲೇ ಸುಳಿಯುತ್ತದೆ, ಹಾಗೆಂದು ನಿಮ್ಮನ್ನು ನೇರವಾಗಿ ಬಂದು ಹಿಡಿಯುವುದೂ ಇಲ್ಲ. ಮೋಸ ನಡೆದಂತೆ ಅನ್ನಿಸುವುದಿಲ್ಲ.

ಇನ್ನೊಂದು ಸೂಕ್ಷ್ಮವಿದೆ. ಪ್ರಾಣಿ ಎಷ್ಟು ಹೊತ್ತು ನಿಮ್ಮ ಹತ್ತಿರವಿತ್ತು, ನಿಮ್ಮ ಕಣ್ಣೆದುರು ಎಷ್ಟು ಸಲ ಬಂತು ಎಂಬುದನ್ನೆಲ್ಲ ನಿರ್ದೇಶಕ ಅಳೆಯುತ್ತಿರುತ್ತಾನೆ. ಆ ಅಳತೆ ತುಂಬಿತೆಂದರೆ ಪ್ರಾಣಿಯನ್ನು ಗಾಳಿಕೊಳವೆಯೊಳಗೆ ವಾಪಸು ಕರೆಸಿಕೊಳ್ಳುತ್ತಾನೆ. ಮನುಷ್ಯ ತಡೆಯುವಷ್ಟೇ ಹೆದರಿಸಿ, ಉಸಿರಾಡಲು ಬಿಟ್ಟು, ಮತ್ತೆ ಹೆದರಿಸುವ ಲೆಕ್ಕ ಇದು. ಇದು ಗೊತ್ತಿದ್ದ ಆಟಗಾರ ಲಾಕರ್‌ನೊಳಗೆ ಅವಿತು ಪ್ರಾಣಿ ತನ್ನ ಮುಂದೆಯೇ ಮೂಸುತ್ತ ನಿಂತಾಗಲೂ ಒಂದು ಮಾತು ನೆನಪಿಡುತ್ತಾನೆ: ಈ ಒತ್ತಡಕ್ಕೆ ಒಂದು ಮಿತಿ ಇದೆ, ಇದು ಹೋಗುತ್ತದೆ. ಗೊತ್ತಿಲ್ಲದವನು ಗಾಬರಿಬಿದ್ದು ಬಾಗಿಲು ತೆರೆದು ಓಡುತ್ತಾನೆ.

ಪ್ರಾಣಿ ಕಲಿಯುತ್ತದೆ ಕೂಡ. ಅದರ ವರ್ತನೆಗಳಲ್ಲಿ ಕೆಲವನ್ನು ಮೊದಲು ಮುಚ್ಚಿಟ್ಟಿರುತ್ತಾರೆ, ಆಟಗಾರ ಒಂದೇ ಉಪಾಯವನ್ನು ಮತ್ತೆ ಮತ್ತೆ ಬಳಸಿದಂತೆ ಒಂದೊಂದೂ ತೆರೆದುಕೊಳ್ಳುತ್ತದೆ. ಸದಾ ಲಾಕರ್‌ನಲ್ಲೇ ಅಡಗುವವನ ಲಾಕರ್‌ಗಳನ್ನು ಅದು ಹೆಚ್ಚು ತಪಾಸಣೆ ಮಾಡತೊಡಗುತ್ತದೆ. 2017ರ ‘ಹಲೋ ನೇಬರ್’ ಆಟದ ಪಕ್ಕದ ಮನೆಯವನೂ ಹೀಗೇ: ನೀವು ಒಂದು ಕಿಟಕಿಯಿಂದ ನುಗ್ಗಿದರೆ ಮುಂದಿನ ಸಲ ಅಲ್ಲೇ ಬೋನು ಇಟ್ಟಿರುತ್ತಾನೆ.

ಇದನ್ನೆಲ್ಲ ಓದುತ್ತ ಹೋದಂತೆ ನನಗೆ ನೆನಪಾದದ್ದು ನಮ್ಮ ಬೆಂಗಳೂರಿನದೇ ಒಂದು ಹಳೇ ಭಯ. 1990ರ ದಶಕದಲ್ಲಿ ಈ ಊರಿನ ಮನೆಬಾಗಿಲುಗಳ ಮೇಲೆ, ಗೋಡೆಗಳ ಮೇಲೆ ‘ನಾಳೆ ಬಾ’ ಎಂದು ಬರೆದಿರುತ್ತಿದ್ದರು. ರಾತ್ರಿ ದೆವ್ವವೊಂದು ಬರುತ್ತದೆ, ಬಾಗಿಲು ತಟ್ಟುತ್ತದೆ, ಮನೆಯವರದೇ ದನಿಯಲ್ಲಿ ಕರೆಯುತ್ತದೆ, ತೆರೆದರೆ ಸಾವು ಎಂಬ ಸುದ್ದಿ. ಬಾಗಿಲ ಮೇಲಿನ ಬರಹ ಓದಿಕೊಂಡು ಅದು ಹಿಂದಿರುಗುತ್ತದೆ, ಮರುದಿನ ಬಂದು ಅದನ್ನೇ ಮತ್ತೆ ಓದುತ್ತದೆ. ಬೆಂಗಳೂರಿನಾಚೆ ರಾಜ್ಯದ ಹಳ್ಳಿಗಳಲ್ಲೂ ಈ ಬರಹ ಇತ್ತು. ಮುಂದೆ 2018ರಲ್ಲಿ ಅಮರ್ ಕೌಶಿಕ್ ನಿರ್ದೇಶಿಸಿದ ಹಿಂದಿಯ ‘ಸ್ತ್ರೀ’ ಚಿತ್ರ ಇದೇ ಎಳೆಯನ್ನು ಮಧ್ಯಪ್ರದೇಶದ ಚಂದೇರಿಗೆ ಒಯ್ದು ಕಥೆ ಮಾಡಿಕೊಂಡಿತು.

ಈ ಕಥೆಯನ್ನು ಮೂಢನಂಬಿಕೆ ಎಂದು ಬದಿಗೆ ಸರಿಸುವವರಿದ್ದಾರೆ. ಅದರ ರಚನೆಯನ್ನು ಮಾತ್ರ ಗಮನವಿಟ್ಟು ನೋಡಬೇಕು. ದೆವ್ವದ ಜೊತೆ ಯಾರೂ ಹೊಡೆದಾಡುವುದಿಲ್ಲ. ಅದಕ್ಕೆ ಏನು ಗೊತ್ತಾಗುತ್ತದೆ, ಏನು ಗೊತ್ತಾಗುವುದಿಲ್ಲ ಎಂಬುದನ್ನು ಜನ ತಿಳಿದುಕೊಂಡಿದ್ದಾರೆ. ಅದಕ್ಕೆ ಕನ್ನಡ ಓದಲು ಬರುತ್ತದೆ. ಬರೆದದ್ದನ್ನು ಅದು ಪಾಲಿಸುತ್ತದೆ. ನಿನ್ನೆಯದು ಅದರ ನೆನಪಿನಲ್ಲಿ ಉಳಿಯುವುದಿಲ್ಲ. ಬಾಗಿಲನ್ನು ತಾನಾಗಿ ಮುರಿಯಲಾರದು, ಒಳಗಿದ್ದವರು ತೆರೆಯಲೇಬೇಕು. ಇಷ್ಟು ತಿಳಿದ ಮೇಲೆ ಒಂದು ಚೂರು ಸೀಮೆಸುಣ್ಣ ಸಾಕು. ರಾತ್ರಿ ಯಾರಾದರೂ ಹೆಸರು ಹಿಡಿದು ಕೂಗಿದರೆ ಮೂರು ಸಲ ಕೂಗುವ ತನಕ ಓಗೊಡಬೇಡ ಎಂದು ನಮ್ಮಜ್ಜಿಯರು ಹೇಳುತ್ತಿದ್ದದ್ದೂ ಇದೇ ಜಾತಿಯ ತಿಳಿವಳಿಕೆ. ಮೋಹಿನಿಯ ಪಾದ ಹಿಂದುಮುಂದಾಗಿರುತ್ತದೆ, ನೋಡಿ ಗುರುತು ಹಿಡಿ ಎಂಬುದೂ ಅಷ್ಟೆ. ನಮ್ಮ ಜನಪದ ದೆವ್ವಗಳೆಲ್ಲ ಕಟ್ಟುಪಾಡು ಇರುವಂಥವು. ನಿಯಮವೇ ಇಲ್ಲದ ಪಿಶಾಚಿಯ ಜೊತೆ ಯಾವ ಊರೂ ಬಾಳ್ವೆ ಮಾಡಲಾರದು. ಸ್ಟೆಲ್ತ್ ಹಾರರ್ ಆಟ ಉಳಿಯುವವರ ಕೈಗೆ ಕೊಡುವ ಪಾಠವೂ ಇದೇ ಎಂದು ನಾನು ಮನಸಾರೆ ನಂಬಿದ್ದೇನೆ: ಬೆನ್ನು ಹತ್ತಿದ್ದಕ್ಕೆ ಏನು ಕಾಣುತ್ತದೆ, ಏನು ಕೇಳುತ್ತದೆ, ಯಾವುದು ಅದರ ಅರಿವಿಗೆ ಬರುವುದೇ ಇಲ್ಲ ಎಂಬುದನ್ನು ಪತ್ತೆ ಮಾಡುವುದು.

ಹಾಗಾದರೆ ‘ಗ್ರ್ಯಾನಿ’ಯ ಮನೆಯಲ್ಲಿ ಮೊದಲ ದಿನವೇ ಸಾಯುವ ಮಗುವಿಗೆ ಏನು ಹೇಳಬೇಕು? ಮೊದಲು ಪ್ರಾಕ್ಟೀಸ್ ಮೋಡ್‌ಗೆ ಹೋಗು ಎನ್ನಬೇಕು. ಅಲ್ಲಿ ಮುದುಕಿ ಇರುವುದಿಲ್ಲ, ಮನೆ ಮಾತ್ರ ಇರುತ್ತದೆ. ಯಾವ ಕೋಣೆಯಿಂದ ಯಾವ ಕೋಣೆಗೆ ದಾರಿ, ಎಲ್ಲೆಲ್ಲಿ ಮಂಚ, ಎಲ್ಲೆಲ್ಲಿ ಬೀರು ಎಂದು ನಿಧಾನವಾಗಿ ನೋಡಿಕೊಳ್ಳಬಹುದು. ನಕ್ಷೆ ತಲೆಯಲ್ಲಿ ಕೂತ ಮೇಲೆ ಭಯದ ಅರ್ಧ ಇಳಿದಿರುತ್ತದೆ, ಏಕೆಂದರೆ ಬೆನ್ನಟ್ಟಿಸಿಕೊಂಡಾಗ ಕಾಲು ಯೋಚಿಸದೆ ಸರಿಯಾದ ಕಡೆಗೆ ತಿರುಗುತ್ತದೆ. ಎರಡನೆಯದು, ಅಡಗುವ ಜಾಗಕ್ಕೆ ಹೋಗುವಾಗ ಮುದುಕಿ ನೋಡುತ್ತಿರಬಾರದು. ಅವಳ ಕಣ್ಣೆದುರೇ ಮಂಚದ ಕೆಳಗೆ ತೂರಿದರೆ ಎಳೆದು ಹಾಕುತ್ತಾಳೆ. ಮೊದಲು ಒಂದು ತಿರುವು, ಒಂದು ಬಾಗಿಲು ನಿಮ್ಮಿಬ್ಬರ ನಡುವೆ ಬರಬೇಕು, ಆಮೇಲೆ ಅಡಗಬೇಕು. ಜಯನಗರದ ಅಡ್ಡರಸ್ತೆಗಳಲ್ಲಿ ಕಾಂಪೌಂಡು ಗೋಡೆ, ನಿಲ್ಲಿಸಿದ ಸ್ಕೂಟರುಗಳ ಹಿಂದೆ ಐಸ್‌ಪೈಸ್ ಆಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಮೂರನೆಯದು ನನಗೆ ಎಲ್ಲಕ್ಕಿಂತ ಇಷ್ಟವಾದದ್ದು. ಸದ್ದು ಶತ್ರು ಎಂದು ಹೊಸಬರು ತಿಳಿಯುತ್ತಾರೆ. ಸದ್ದು ನಿಮ್ಮ ಕೈಯಲ್ಲಿರುವ ಒಂದೇ ದಾರ. ಮನೆಯ ಈ ತುದಿಯಲ್ಲಿ ಬೇಕೆಂದೇ ಒಂದು ಸಾಮಾನು ಬೀಳಿಸಿ, ಇನ್ನೊಂದು ದಾರಿಯಲ್ಲಿ ಆ ತುದಿಗೆ ಜಾರಿದರೆ ಮುದುಕಿ ಖಾಲಿ ಕೋಣೆಗೆ ಬಂದು ಹುಡುಕುತ್ತಾಳೆ. ಆ ಹೊತ್ತು ನಿಮ್ಮದು. ಅವಳ ಕಿವಿ ಚುರುಕಾಗಿರುವುದರಿಂದಲೇ ಅವಳನ್ನು ಬೇಕಾದಲ್ಲಿಗೆ ಕಳಿಸಬಹುದು. ಇದು ಹೊಳೆದ ಕ್ಷಣ ಮಗುವಿನ ಮುಖ ಬದಲಾಗುವುದನ್ನು ನಾನು ನೋಡಿದ್ದೇನೆ. ಅಲ್ಲಿಯವರೆಗೆ ಅದು ಬೇಟೆಯಾಗಿತ್ತು.

ದೊಡ್ಡವರ ಆಟಗಳಲ್ಲೂ ಇದೇ ನೀತಿ ನಡೆಯುತ್ತದೆ, ಸ್ವಲ್ಪ ಹೆಚ್ಚು ಕಠಿಣವಾಗಿ. ‘ಏಲಿಯನ್’ನಲ್ಲಿ ಚಲನೆ ಪತ್ತೆ ಮಾಡುವ ಯಂತ್ರ ಕೈಯಲ್ಲಿರುತ್ತದೆ, ಆದರೆ ಅದು ಚಲಿಸುವುದನ್ನು ಮಾತ್ರ ತೋರಿಸುತ್ತದೆ. ಪ್ರಾಣಿ ನಿಶ್ಚಲವಾಗಿ ನಿಂತಿದ್ದರೆ ತೆರೆ ಖಾಲಿ. ಅಲ್ಲದೆ ತೀರ ಹತ್ತಿರ ಬಂದಾಗ ಆ ಯಂತ್ರದ ಪೀಂ ಪೀಂ ಸದ್ದು ಪ್ರಾಣಿಗೂ ಕೇಳುತ್ತದೆ. ಆಟವನ್ನು ಸೇವ್ ಮಾಡಲು ಗೋಡೆಯ ಪೆಟ್ಟಿಗೆಗೆ ಕಾರ್ಡ್ ತೂರಿಸಿ ಕೆಲವು ಸೆಕೆಂಡು ಕಾಯಬೇಕು, ಕಾಯುವಾಗಲೂ ಸಾಯಬಹುದು. ಲಾಕರ್‌ನೊಳಗೆ ಉಸಿರು ಕಟ್ಟಿ ಹಿಂದಕ್ಕೆ ಒರಗಬಹುದು, ಬಹಳ ಹೊತ್ತು ಕಟ್ಟಿದರೆ ಅದೂ ಮೈಗೆ ಪೆಟ್ಟು. ಕೊಟ್ಟ ಪ್ರತಿಯೊಂದು ಸಹಾಯಕ್ಕೂ ಒಂದು ಬೆಲೆ ಕಟ್ಟಿರುವುದು ಈ ಆಟದ ಹೆಚ್ಚುಗಾರಿಕೆ. ಸತ್ತಾಗ ಸಿಟ್ಟಿನಿಂದ ಮತ್ತೆ ಅದೇ ದಾರಿಗೆ ನುಗ್ಗುವುದಕ್ಕಿಂತ, ಈ ಸಲ ನನ್ನನ್ನು ಹಿಡಿದುಕೊಟ್ಟದ್ದು ಕಣ್ಣೋ ಕಿವಿಯೋ ಎಂದು ಒಂದು ನಿಮಿಷ ಕೇಳಿಕೊಳ್ಳುವವನು ಬೇಗ ಮುಂದೆ ಹೋಗುತ್ತಾನೆ.

ದಕ್ಷಿಣ ಬೆಂಗಳೂರಿನಲ್ಲಿ ಈ ಆಟ ಆಡುವವರಿಗೆ ಇನ್ನೊಂದು ತೊಡಕಿದೆ. ‘ಏಲಿಯನ್’ ಆಟದಲ್ಲಿ ಕಿನೆಕ್ಟ್ ಅಥವಾ ಪ್ಲೇಸ್ಟೇಷನ್ ಕ್ಯಾಮೆರಾ ಜೋಡಿಸಿದ್ದರೆ, ನೀವು ಕೂತ ಕೋಣೆಯ ನಿಜವಾದ ಸದ್ದನ್ನೇ ಪ್ರಾಣಿಗೆ ಕೇಳಿಸುವ ಸೌಲಭ್ಯ ಇತ್ತು. 2020ರ ‘ಫ್ಯಾಸ್ಮೋಫೋಬಿಯಾ’ದಲ್ಲಿ ಗೆಳೆಯರ ಗುಂಪು ದೆವ್ವದ ಮನೆಗೆ ಹೋಗುತ್ತದೆ, ದೆವ್ವ ಬೇಟೆಗೆ ಇಳಿದಾಗ ಯಾರಾದರೂ ಮೈಕಿನಲ್ಲಿ ಮಾತಾಡಿದರೆ ಆ ದನಿಯ ಜಾಡು ಹಿಡಿದು ಬರುತ್ತದೆ. ಈಗ ಬೆಳಗಿನ ಏಳು ಗಂಟೆಯ ಜಯನಗರವನ್ನು ಊಹಿಸಿಕೊಳ್ಳಿ: ಸೊಪ್ಪಿನವಳ ಕೂಗು, ಕುಕ್ಕರಿನ ಸೀಟಿ, ನೀರು ಬಿಟ್ಟ ದಿನವಾದರೆ ಸಂಪಿನ ಮುಚ್ಚಳ ಎಳೆಯುವ ಸದ್ದು, ಮೋಟರಿನ ಗುಂಯ್‌ಗುಡುವಿಕೆ. ಈ ಮನೆಗಳಲ್ಲಿ ಇಂಥ ಆಟಕ್ಕೆ ತಕ್ಕ ಮೌನ ಸಿಗುವುದು ರಾತ್ರಿ ಹನ್ನೊಂದರ ಮೇಲೆ ಮಾತ್ರ. ಬಿಟಿಎಂ ಲೇಔಟ್‌ನ ಪಿಜಿಗಳಲ್ಲಿ ಅದೂ ಇಲ್ಲ. ಪ್ಲೈವುಡ್ ಗೋಡೆಯ ಆಚೆ ನಾಳೆ ಬೆಳಗಿನ ಶಿಫ್ಟಿಗೆ ಏಳಬೇಕಾದವನು ಮಲಗಿರುತ್ತಾನೆ, ಆದ್ದರಿಂದ ಹುಡುಗರು ಇಯರ್‌ಫೋನ್ ಸಿಕ್ಕಿಸಿಕೊಂಡು, ಕಿರುಚಬೇಕೆನಿಸಿದಾಗ ದಿಂಬು ಕಚ್ಚುತ್ತಾರೆ. ಆಟದೊಳಗೂ ಸದ್ದು ಮಾಡುವಂತಿಲ್ಲ, ಹೊರಗೂ ಇಲ್ಲ. ಭಯ ಇಮ್ಮಡಿಯಾಗುವುದಕ್ಕೆ ಇದಕ್ಕಿಂತ ಬೇರೆ ಕಾರಣ ಬೇಕೆ?

ಇಷ್ಟು ಕಷ್ಟಪಟ್ಟು ಯಾಕೆ ಹೆದರಿಕೊಳ್ಳಬೇಕು ಎಂದು ಕೇಳುವವರಿಗೆ ಡೆನ್ಮಾರ್ಕಿನ ಆರ್ಹಸ್ ವಿಶ್ವವಿದ್ಯಾಲಯದಲ್ಲಿ ಒಂದು ಉತ್ತರ ಇದೆ. ಮಥಿಯಾಸ್ ಕ್ಲಾಸನ್ ಮತ್ತು ಸಂಗಡಿಗರು ಮನರಂಜನೆಯ ಭಯವನ್ನೇ ಅಧ್ಯಯನ ಮಾಡುತ್ತಾರೆ. ಅವರು ದೆವ್ವದ ಮನೆಯೊಂದರೊಳಗೆ 110 ಮಂದಿಯ ಎದೆಬಡಿತ ಅಳೆದು 2020ರಲ್ಲಿ ಪ್ರಕಟಿಸಿದ ಫಲಿತಾಂಶ ಸರಳವಾದದ್ದು: ಭಯ ತೀರ ಕಡಿಮೆಯಾದರೆ ಸಪ್ಪೆ, ತೀರ ಹೆಚ್ಚಾದರೆ ಹಿಂಸೆ, ಖುಷಿ ಸಿಗುವುದು ನಡುವಿನ ಒಂದು ಮಟ್ಟದಲ್ಲಿ. ಆ ಮಟ್ಟ ಒಬ್ಬೊಬ್ಬರಿಗೆ ಒಂದೊಂದು. ಕೋವಿಡ್ ಕಾಲದಲ್ಲಿ ಹಾರರ್ ಚಿತ್ರಪ್ರೇಮಿಗಳು ಉಳಿದವರಿಗಿಂತ ಮಾನಸಿಕವಾಗಿ ಸ್ವಲ್ಪ ಕಡಿಮೆ ಕಂಗೆಟ್ಟರು ಎಂದು ಕೋಲ್ಟನ್ ಸ್ಕ್ರಿವ್ನರ್ ಮತ್ತು ಜೊತೆಗಾರರ 2021ರ ಅಧ್ಯಯನ ತೋರಿಸಿತು. ಸುರಕ್ಷಿತವಾದ ಜಾಗದಲ್ಲಿ ಭಯದ ಜೊತೆ ಇರುವುದನ್ನು ಅಭ್ಯಾಸ ಮಾಡಿದವರು ಅವರು ಎಂಬುದು ಒಂದು ವಿವರಣೆ.

ಆದರೆ ಆ ನಡುವಿನ ಮಟ್ಟ ಎಂಟು ವರ್ಷದ ಮಗುವಿನದು ಬೇರೆ, ಇಪ್ಪತ್ತೆರಡರ ಯುವಕನದು ಬೇರೆ. ‘ಏಲಿಯನ್: ಐಸೊಲೇಷನ್’ಗೂ ‘ಔಟ್‌ಲಾಸ್ಟ್’ ಎಂಬ ಇನ್ನೊಂದು ಹಾರರ್ ಆಟಕ್ಕೂ ಯುರೋಪಿನಲ್ಲಿ 18ರ ಮೇಲಿನವರಿಗೆಂದು ದರ್ಜೆ ಕೊಟ್ಟಿದ್ದಾರೆ. ಮಗು ಆಟ ಮುಗಿದ ಮೇಲೆ ಬಚ್ಚಲಿಗೆ ಒಂಟಿಯಾಗಿ ಹೋಗಲು ಒಲ್ಲೆ ಎಂದರೆ, ದೀಪ ಆರಿಸಬೇಡ ಎಂದರೆ, ಅದು ತನ್ನ ಮಟ್ಟ ದಾಟಿದೆ ಎಂದೇ ಅರ್ಥ. ಗದರಬೇಡಿ, ನಗಬೇಡಿ. ಪಕ್ಕದಲ್ಲಿ ಕೂತು, ಆ ಮುದುಕಿಗೆ ಏನೇನು ಗೊತ್ತಾಗುತ್ತದೆ ಹೇಳು ನೋಡೋಣ ಎಂದು ಕೇಳಿ. ನಿಯಮಗಳನ್ನು ಬಾಯಿಬಿಟ್ಟು ಹೇಳುತ್ತ ಹೋದಂತೆ ಮಗುವಿನ ದನಿ ಹದಕ್ಕೆ ಬರುತ್ತದೆ. ಇನ್ನು ಆಟವೇ ಬದುಕನ್ನು ನುಂಗತೊಡಗಿದರೆ ಅದು ಬೇರೆ ಮಾತು. ಆಟದ ಮೇಲೆ ಹಿಡಿತ ತಪ್ಪುವುದು, ಉಳಿದೆಲ್ಲಕ್ಕಿಂತ ಅದೇ ಮುಖ್ಯವಾಗುವುದು, ಕೆಡುಕು ಕಣ್ಣಿಗೆ ಕಂಡರೂ ಬಿಡಲಾಗದಿರುವುದು, ಇವು ಸಾಮಾನ್ಯವಾಗಿ 12 ತಿಂಗಳಷ್ಟು ಮುಂದುವರಿದರೆ ಅದನ್ನು ವಿಶ್ವ ಆರೋಗ್ಯ ಸಂಸ್ಥೆ ಕಾಯಿಲೆಗಳ ಪಟ್ಟಿಯಲ್ಲಿ ಸೇರಿಸಿದೆ. ಆ ಪಟ್ಟಿ 2022ರ ಜನವರಿಯಿಂದ ಜಾರಿಯಲ್ಲಿದೆ. ನಿಮ್ಹಾನ್ಸ್ 2014ರಲ್ಲೇ ಇದಕ್ಕಾಗಿ ಶಟ್ ಕ್ಲಿನಿಕ್ ತೆರೆಯಿತು. ಬಿಟಿಎಂ ಲೇಔಟ್‌ನಲ್ಲಿರುವ ನಿಮ್ಹಾನ್ಸ್‌ನ ಸೆಂಟರ್ ಫಾರ್ ವೆಲ್‌ಬೀಯಿಂಗ್‌ನಲ್ಲಿ ಅದರ ಕೆಲಸ ನಡೆಯುತ್ತ ಬಂದಿದೆ. ಜೆ.ಪಿ. ನಗರದವರಿಗೂ ಬನಶಂಕರಿಯವರಿಗೂ ಅದು ದೂರವಲ್ಲ.

ನಿಮ್ಹಾನ್ಸ್ ಹೆಸರು ಬಂದದ್ದರಿಂದ, ಈ ಆಟಗಳ ಬಗ್ಗೆ ನನಗಿರುವ ನೋವಿನ ತಕರಾರೊಂದನ್ನು ಹೇಳಲೇಬೇಕು. ‘ಔಟ್‌ಲಾಸ್ಟ್’ 2013ರಲ್ಲಿ ಬಂತು, ಕೆನಡಾದ ಮಾಂಟ್ರಿಯಲ್‌ನ ರೆಡ್ ಬ್ಯಾರೆಲ್ಸ್ ತಯಾರಿಕೆ. ಪತ್ರಕರ್ತನೊಬ್ಬ ಕ್ಯಾಮ್‌ಕಾರ್ಡರ್ ಹಿಡಿದು, ಬ್ಯಾಟರಿ ಮುಗಿಯುವ ಭಯದಲ್ಲಿ, ಮೌಂಟ್ ಮ್ಯಾಸಿವ್ ಎಂಬ ಮಾನಸಿಕ ಆಸ್ಪತ್ರೆಯೊಳಗೆ ಅಡಗಿ ಅಡಗಿ ಸಾಗುತ್ತಾನೆ. ಅವನನ್ನು ಬೆನ್ನಟ್ಟುವವರು ಅಲ್ಲಿನ ರೋಗಿಗಳು. ಅವರ ಮೇಲೆ ನಡೆದ ಪ್ರಯೋಗಗಳು ಅವರನ್ನು ಹಾಗೆ ಮಾಡಿದವು ಎಂದು ಕಥೆ ಹೇಳುತ್ತದೆ, ನಿಜ. ಆದರೂ ಕತ್ತಲಲ್ಲಿ ಓಡುವವನ ಮನಸ್ಸಿನಲ್ಲಿ ಉಳಿಯುವುದು ರೋಗಿಯ ಅಂಗಿ ತೊಟ್ಟ ಬೆನ್ನಟ್ಟುವ ಮೈ. 2014ರ ‘ದಿ ಈವಿಲ್ ವಿದಿನ್’ ಕೂಡ ಬೀಕನ್ ಎಂಬ ಮಾನಸಿಕ ಆಸ್ಪತ್ರೆಯಿಂದಲೇ ಶುರು. ಆಟಗಾರ ಅಡಗಲು ಜಾಗ ಬೇಕು, ಉದ್ದುದ್ದ ಕಾರಿಡಾರು ಬೇಕು, ಬೀಗ ಹಾಕಿದ ಬಾಗಿಲು ಬೇಕು, ತಕ್ಷಣ ನೆನಪಾಗುವುದು ಹುಚ್ಚಾಸ್ಪತ್ರೆ. ಇದು ಕಲ್ಪನೆಯ ಬಡತನ.

ಹೊಸೂರು ರಸ್ತೆಯಲ್ಲಿ ದಿನಾ ಬಸ್ಸಿನಲ್ಲಿ ಹೋಗುವವರಿಗೆ ನಿಮ್ಹಾನ್ಸ್ ಆವರಣ ಗೊತ್ತು. 1954ರಲ್ಲಿ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆ ಅಲ್ಲಿ ಆರಂಭವಾಯಿತು. 1974ರಲ್ಲಿ ಅದೂ ಹಳೆಯ ಮಾನಸಿಕ ಆಸ್ಪತ್ರೆಯೂ ಸೇರಿ ನಿಮ್ಹಾನ್ಸ್ ಆಯಿತು. ಅದರ ಗೇಟಿನ ಮುಂದೆ ಬೆಳಗ್ಗೆ ನಿಂತವರು ಬಳ್ಳಾರಿಯಿಂದ, ಕೋಲಾರದಿಂದ, ಆಂಧ್ರದಿಂದ ರಾತ್ರಿ ಬಸ್ಸಿಗೆ ಬಂದವರು: ಕೈಯಲ್ಲಿ ಪ್ಲಾಸ್ಟಿಕ್ ಚೀಲದೊಳಗೆ ಸ್ಕ್ಯಾನಿನ ಫಿಲ್ಮು, ಇನ್ನೊಂದು ಕೈಯಲ್ಲಿ ಮಗನ ಕೈ. ರೋಗಿಯ ಜೊತೆ ಮನೆಯವರೂ ಉಳಿದು ಚಿಕಿತ್ಸೆಯಲ್ಲಿ ಪಾಲುಗೊಳ್ಳುವ ಏರ್ಪಾಡು ಅಲ್ಲಿದೆ. ಆದರೂ ನಮ್ಮ ಶಾಲೆಗಳಲ್ಲಿ ಇವತ್ತಿಗೂ ‘ನಿಮ್ಹಾನ್ಸ್‌ಗೆ ಸೇರಿಸಬೇಕು ನಿನ್ನ’ ಎನ್ನುವುದು ಬೈಗುಳ. ಆ ಬೈಗುಳವನ್ನು ಆಟದ ತೆರೆಯೂ ಗಟ್ಟಿ ಮಾಡಿದರೆ, ನಾಳೆ ತನ್ನದೇ ಮನಸ್ಸು ಕುಸಿದಾಗ ಆ ಹುಡುಗ ಆ ಗೇಟು ದಾಟಲು ಹಿಂಜರಿಯುತ್ತಾನೆ. ಇದು ನನ್ನನ್ನು ನಿಜವಾಗಿ ಹೆದರಿಸುತ್ತದೆ.

ಬೇರೆ ದಾರಿ ಇದೆ ಎಂದು ತೋರಿಸಿದವರೂ ಇದ್ದಾರೆ. 2017ರ ‘ಹೆಲ್‌ಬ್ಲೇಡ್’ ಆಟದ ನಾಯಕಿ ಸೆನುವಾಗೆ ಕಿವಿಯಲ್ಲಿ ದನಿಗಳು ಕೇಳಿಸುತ್ತವೆ. ತಯಾರಕರಾದ ನಿಂಜಾ ಥಿಯರಿ ಸಂಸ್ಥೆಯವರು ಕೇಂಬ್ರಿಜ್‌ನ ಮನೋವೈದ್ಯ ಪಾಲ್ ಫ್ಲೆಚರ್ ಅವರ ಜೊತೆಗೂ, ಇಂಥ ದನಿಗಳನ್ನು ನಿಜಜೀವನದಲ್ಲಿ ಕೇಳುವವರ ಜೊತೆಗೂ ಕೂತು ಅದನ್ನು ಕಟ್ಟಿದರು. ಹೆಡ್‌ಫೋನ್ ಹಾಕಿ ಆಡಿದರೆ ಪಿಸುಮಾತು ಎಡಕಿವಿಯಿಂದ ಬಲಕಿವಿಗೆ ಸುತ್ತುತ್ತದೆ. ಕಾಯಿಲೆಯವಳು ಇಲ್ಲಿ ಬೆನ್ನಟ್ಟುವ ಭೂತವಾಗಿಲ್ಲ, ನಾವು ಅವಳ ಒಳಗೆ ಕೂತಿದ್ದೇವೆ. ಆ ಆಟ ಒಂದು ಸುಳ್ಳನ್ನೂ ಹೇಳುತ್ತದೆ: ನೀವು ಸೋತಂತೆ ಕೈಯಿಂದ ಕೊಳೆತ ಏರುತ್ತದೆ, ಅದು ತಲೆ ಮುಟ್ಟಿದರೆ ನಿಮ್ಮ ಇಡೀ ಆಟ ಅಳಿಸಿಹೋಗುತ್ತದೆ ಎಂದು. ಹಾಗೆ ಆಗುವುದೇ ಇಲ್ಲ. ನಿಯಮವನ್ನೇ ಸುಳ್ಳು ಹೇಳಿದಾಗ ಭಯ ಎಷ್ಟು ಬೆಳೆಯುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ.

ಆಟ ತಯಾರಿಸುವ ಕೈಗಳು ಬೆಂಗಳೂರಿನಲ್ಲಿ ಇಲ್ಲವೆಂದಲ್ಲ. 1997ರಲ್ಲಿ ರಾಜೇಶ್ ರಾವ್ ಇಲ್ಲಿ ಧ್ರುವ ಇಂಟರಾಕ್ಟಿವ್ ಶುರುಮಾಡಿದರು. ಹೊರದೇಶದ ದೊಡ್ಡ ಆಟಗಳಿಗೆ ಕಾರು, ಕಟ್ಟಡ, ಪಾತ್ರಗಳನ್ನು ರೂಪಿಸಿ ಕೊಡುವ ಕೆಲಸದಲ್ಲಿ ಅದು ಹೆಸರು ಮಾಡಿತು. ಅದನ್ನು ಕೊಂಡದ್ದು ಸ್ವೀಡನ್ನಿನ ಸ್ಟಾರ್‌ಬ್ರೀಝ್. ನಾಲ್ವರು ಅಡಗುತ್ತ ಜನರೇಟರ್ ರಿಪೇರಿ ಮಾಡುವ, ಒಬ್ಬ ಕೊಲೆಗಾರ ಅವರನ್ನು ಹುಡುಕುವ ‘ಡೆಡ್ ಬೈ ಡೇಲೈಟ್’ ಆಟವನ್ನು 2016ರಲ್ಲಿ ಪ್ರಕಟಿಸಿದ್ದು ಅದೇ ಸಂಸ್ಥೆ. 2019ರಲ್ಲಿ ಧ್ರುವವನ್ನು ರಾಕ್‌ಸ್ಟಾರ್ ಕೊಂಡುಕೊಂಡಿತು. ನೆರಳಿನಲ್ಲಿ ಅವಿತು ಆಡುವ ಕ್ರೂರ ಆಟ ‘ಮ್ಯಾನ್‌ಹಂಟ್’ 2003ರಲ್ಲಿ ರಾಕ್‌ಸ್ಟಾರ್ ಮನೆಯಿಂದ ಬಂದಿತ್ತು. ಕೈಕಸುಬು ಇಲ್ಲಿದೆ. ಆದರೆ ಆ ಕೈಗಳು ಇಷ್ಟು ವರ್ಷ ಹೆಚ್ಚಾಗಿ ಬೇರೆಯವರ ಮನೆಗಳನ್ನೇ ಕಟ್ಟಿವೆ.

ನಮ್ಮ ಮನೆಯೊಂದನ್ನು ಕಟ್ಟಿದರೆ ಹೇಗಿರುತ್ತದೆ? 1948ರಲ್ಲಿ ಅಡಿಗಲ್ಲು ಹಾಕಿದ ಜಯನಗರದಲ್ಲಿ ಹಳೇ ಮನೆಗಳು ಇನ್ನೂ ಕೆಲವಿವೆ. ಪಡಸಾಲೆಯಲ್ಲಿ ಕೆಂಪು ಗಾರೆ ನೆಲ, ಬರಿಗಾಲಿಗೆ ಸದ್ದೇ ಇಲ್ಲ. ಹಿತ್ತಲ ಕಡೆ ಒರಟು ಕಲ್ಲುಚಪ್ಪಡಿ. ಅಟ್ಟಕ್ಕೆ ಹತ್ತುವ ಮರದ ಏಣಿಯ ಒಂದು ಮೆಟ್ಟಿಲು ಕಿರ್ರೆನ್ನುತ್ತದೆ. ಅಂಗಳದಲ್ಲಿ ಸಂಪಿನ ತಗಡಿನ ಮುಚ್ಚಳ, ಕಾಲಿಟ್ಟರೆ ಇಡೀ ಬೀದಿಗೆ ಕೇಳುತ್ತದೆ. ರಾತ್ರಿ ಗೂರ್ಖಾನ ಸೀಟಿ, ರಸ್ತೆಗೆ ಕುಟ್ಟುವ ಅವನ ಕೋಲು. ಆ ಸದ್ದು ಬೀದಿಯಲ್ಲಿರುವಷ್ಟು ಹೊತ್ತು ಮಾತ್ರ ನಿಮ್ಮ ಹೆಜ್ಜೆ ಮುಚ್ಚಿಹೋಗುತ್ತದೆ. ಕರೆಂಟು ಹೋದಾಗ ಯುಪಿಎಸ್ ಪೀಂ ಎನ್ನುತ್ತದೆ, ಹೊರಗಿರುವುದಕ್ಕೆ ಒಳಗೆ ಯಾರೋ ಇದ್ದಾರೆಂದು ತಿಳಿಯುತ್ತದೆ. ಕೈಯಲ್ಲಿ ಒಂದೇ ಒಂದು ತುಂಡು ಸೀಮೆಸುಣ್ಣ, ಮನೆಗೆ ಎರಡು ಬಾಗಿಲು, ಮೇಲೆ ಮಳೆ. ಬರೆದದ್ದು ತೊಳೆದುಹೋಗುವ ಮುನ್ನ ಎಷ್ಟು ಸಲ ಹೋಗಿ ಬರೆಯುತ್ತೀರಿ? ಬಾಗಿಲಾಚೆ ಅಮ್ಮನ ದನಿ ಒಂದು ಸಲ ಕರೆದಿದೆ, ಎರಡು ಸಲ ಕರೆದಿದೆ. ಅವಳು ನಿಜವಾಗಿಯೂ ಹೊರಗೆ ಹೋಗಿದ್ದಾಳೆ, ಮಳೆಯಲ್ಲಿ ನೆನೆಯುತ್ತಿರಬಹುದು.

ಇಂಥ ಆಟಕ್ಕೆ ಬೇಕಾದ ಎಂಜಿನ್ ಇವತ್ತು ಯಾವ ವಿದ್ಯಾರ್ಥಿಗೂ ಖರ್ಚಿಲ್ಲದೆ ಸಿಗುತ್ತದೆ. ಸಿಗದೆ ಹೋಗುವುದು ಸದ್ದುಗಳು. ಜಯನಗರ, ಬನಶಂಕರಿಯ ಹಳೇ ಮನೆಗಳು ಒಂದೊಂದಾಗಿ ಉರುಳಿ ಅಪಾರ್ಟ್‌ಮೆಂಟ್ ಏಳುತ್ತಿವೆ, ಗಾರೆ ನೆಲ, ಮರದ ಏಣಿ, ಚಿಲಕ ಎಲ್ಲವೂ ಲಾರಿ ಹತ್ತುತ್ತಿವೆ. ಒಳ್ಳೆಯ ಮೈಕ್ ಇರುವ ಎರಡು ಮೂರು ಹುಡುಗ ಹುಡುಗಿಯರು, ಮನೆಯವರ ಒಪ್ಪಿಗೆ ಪಡೆದು, ಒಂದು ರಾತ್ರಿ ಒಂದು ಮನೆಯಂತೆ ಹೋಗಿ ಬಾಗಿಲು, ಮೆಟ್ಟಿಲು, ನೆಲ, ಕಿಟಕಿಗಳನ್ನು ರೆಕಾರ್ಡ್ ಮಾಡಿಟ್ಟುಕೊಳ್ಳಬೇಕು. ಈ ಮಳೆಗಾಲಕ್ಕೆ ಮುಂಚೆಯೇ ಶುರುಮಾಡುವುದು ಒಳ್ಳೆಯದು, ಮಳೆ ಹನಿ ಸಜ್ಜೆಯ ಮೇಲೆ ಬೀಳುವ ಸದ್ದೂ ಬೇಕಾಗುತ್ತದಲ್ಲ.